ಕೊಡ ಕೂರುವ ಎಲುಬಿಗೆ ಬಿದ್ದ ಪೆಟ್ಟು

“ಸೊಂಟ ನೋವು ಮೇಡಂ” ಅಂದ ಹುಡುಗ.

“ಎಲ್ಲಿ? ಒಂದೇ ಬೆರಳಲ್ಲಿ ತೋರಿಸು” ಅಂದೆ.

ನಮ್ಮಲ್ಲಿ ಸೊಂಟ ಅನ್ನುವ ಮಾತಿನೊಳಗೆ ಏನು ಬೇಕಾದರೂ ಹಿಡಿಸುತ್ತದೆ. ಬೆನ್ನಿನ ಕೆಳಭಾಗ ಹಿಡಿದುಕೊಂಡರೂ ಸೊಂಟ. ತೊಡೆಸಂದಿನಲ್ಲಿ ನೋವಿದ್ದರೂ ಸೊಂಟ. ಪಿರ್ರೆಯೊಳಗೆ ಚುಚ್ಚಿದರೂ ಸೊಂಟ. ಇಡೀ ಅಂಗೈ ಇಟ್ಟು “ಇಲ್ಲೆಲ್ಲಾ” ಅಂದರೆ ನನಗೇನೂ ಗೊತ್ತಾಗುವುದಿಲ್ಲ. ಅದಕ್ಕೇ ಒಂದು ಬೆರಳು.

ಹುಡುಗನ ಬೆರಳು ಎಡಗಡೆ ಬೆಲ್ಟು ಕೂರುವ ಎಲುಬಿನ ಏಣಿನ ಹತ್ತಿರ ಹೋಯಿತು. ಮುಟ್ಟಲಿಲ್ಲ. ಒಂದಿಂಚು ದೂರದಲ್ಲೇ ನಿಂತಿತು. ಮುಟ್ಟಲು ಭಯ. ಅರ್ಧ ವಿಷಯ ಅಲ್ಲೇ ಗೊತ್ತಾಯಿತು.

ನಾನು ಚಿಕ್ಕಮಗಳೂರಿನಲ್ಲಿ ಫಿಸಿಯೋಥೆರಪಿ ಮಾಡುತ್ತೇನೆ. ಈ ಹುಡುಗನಿಗೆ 17 ವರ್ಷ. ಮೂಡಿಗೆರೆ ತಾಲ್ಲೂಕಿನವನು, ಕೊಟ್ಟಿಗೆಹಾರದ ಕಡೆ ಮನೆ. ಎರಡನೇ ಪಿಯುಸಿ, ಕಬಡ್ಡಿಯಲ್ಲಿ ರೈಡರ್. ಬರೆಯಲು ಮನೆಯವರು ಒಪ್ಪಿದ್ದಾರೆ. ಆದರೂ ಗುರುತು ಸಿಗದಂತೆ ಒಂದೆರಡು ವಿವರ ಬದಲಿಸಿದ್ದೇನೆ. ಹೆಸರು ಬೇಡ, ಹುಡುಗ ಅಂತಲೇ ಇರಲಿ.

ಬಿದ್ದದ್ದು

ಪುಷ್ಯ ಮಳೆಯ ಒಂದು ಭಾನುವಾರ. ನಾಟಿಗೆ ಹದ ಮಾಡಿದ ಗದ್ದೆಯಲ್ಲಿ ಊರಿನ ಹುಡುಗರೆಲ್ಲಾ ಸೇರಿ ಕೆಸರುಗದ್ದೆ ಆಟ ಇಟ್ಟುಕೊಂಡಿದ್ದರು. ಓಟ, ಹಗ್ಗಜಗ್ಗಾಟ, ಕೊನೆಗೆ ಹ್ಯಾಂಡ್‌ಬಾಲ್. ಕೆಸರಲ್ಲಿ ಬಿದ್ದರೆ ಏಟಾಗುವುದಿಲ್ಲ ಎಂಬ ಧೈರ್ಯ ಎಲ್ಲರಿಗೂ ಇರುತ್ತದೆ. ಅದು ಮುಕ್ಕಾಲು ನಿಜ. ಕೆಸರು ಮೆತ್ತಗೇ ಇರುತ್ತದೆ, ಆದರೆ ಗದ್ದೆಯ ಅಂಚು ಮೆತ್ತಗಿರುವುದಿಲ್ಲ. ಚೆಂಡಿಗೆ ಹಾರಿದ ಹುಡುಗ ಅಂಚಿನ ಮೇಲೆ ಪಕ್ಕಕ್ಕೆ ಬಿದ್ದ. ನೀರು ಬಿಡುವ ಕಂಡಿಗೆ ಆನಿಸಿದ್ದ ಕಲ್ಲು ಕೆಸರಿನೊಳಗೆ ಮುಚ್ಚಿಹೋಗಿತ್ತು. ಎಡಸೊಂಟದ ಎಲುಬು ನೇರ ಅದಕ್ಕೇ ಬಡಿಯಿತು.

ಎರಡು ನಿಮಿಷ ಉಸಿರೇ ಬರಲಿಲ್ಲವಂತೆ. ಆಮೇಲೆ ಎದ್ದ. ಆಟವನ್ನೂ ಮುಗಿಸಿದ. ಇದು ಬಹಳ ಜನರನ್ನು ದಾರಿ ತಪ್ಪಿಸುವ ಸಂಗತಿ. ಮೈ ಬಿಸಿ ಇದ್ದಾಗ, ಸುತ್ತ ಜನ ಕೂಗುತ್ತಿದ್ದಾಗ ನೋವು ಪೂರ್ತಿ ಗೊತ್ತಾಗುವುದಿಲ್ಲ. “ಆಡಿ ಮುಗಿಸಿದ್ದಾನೆ ಅಂದಮೇಲೆ ಏನೂ ಆಗಿಲ್ಲ ಬಿಡು” ಅಂದರು ಮನೆಯವರು. ಜೀಪಿನಲ್ಲಿ ಮನೆಗೆ ಬಂದು ಇಳಿಯುವಾಗ ಹುಡುಗನಿಗೆ ಕಾಲು ಎತ್ತಿಡಲಾಗಲಿಲ್ಲ.

ಯಾವ ಎಲುಬು ಇದು? ಹೆಂಗಸರು ಬಾವಿಯಿಂದ ನೀರು ತರುವಾಗ ಕೊಡವನ್ನು ಎಲ್ಲಿ ಕೂರಿಸುತ್ತಾರೋ, ಮಗುವನ್ನು ಎತ್ತಿಕೊಂಡಾಗ ಅದರ ತೊಡೆ ಎಲ್ಲಿ ಕೂರುತ್ತದೋ ಅದೇ. ವೈದ್ಯರ ಮಾತಲ್ಲಿ ಇಲಿಯಾಕ್ ಕ್ರೆಸ್ಟ್. ಅದರ ಮೇಲೆ ಚರ್ಮ ಬಿಟ್ಟರೆ ಹೆಚ್ಚೇನೂ ಇಲ್ಲ. ತೊಡೆಗೆ ಪೆಟ್ಟು ಬಿದ್ದರೆ ಮಾಂಸ ತಡೆಯುತ್ತದೆ. ಇಲ್ಲಿ ತಡೆಯಲು ದಿಂಬೇ ಇಲ್ಲ. ಸಾಲದ್ದಕ್ಕೆ ಹೊಟ್ಟೆಯ ಪಕ್ಕದ ಸ್ನಾಯುಗಳು ಮೇಲಿನಿಂದ ಬಂದು, ಪಿರ್ರೆ ಮತ್ತು ತೊಡೆಯ ಸ್ನಾಯುಗಳು ಕೆಳಗಿನಿಂದ ಬಂದು ಇದೇ ಎಲುಬಿನ ಅಂಚಿಗೆ ಅಂಟಿಕೊಂಡಿವೆ. ಹಾಗಾಗಿ ನಡೆದರೂ ನೋವು, ತಿರುಗಿದರೂ ನೋವು, ಕೆಮ್ಮಿದರೂ ನೋವು. ಆಟಗಾರರಲ್ಲಿ ಈ ಪೆಟ್ಟಿಗೆ ಹಿಪ್ ಪಾಯಿಂಟರ್ ಅನ್ನುತ್ತಾರೆ. ನಮ್ಮ ಜನ ಒಳಪೆಟ್ಟು ಅನ್ನುತ್ತಾರೆ. ಮಾತು ಚೆನ್ನಾಗಿದೆ. ತೊಂದರೆ ಏನೆಂದರೆ ಆ ಮಾತು ಬಾಯಿಗೆ ಬಂದ ತಕ್ಷಣ ಅದರ ಹಿಂದೆಯೇ ಎಣ್ಣೆ ಬಟ್ಟಲು ಬರುತ್ತದೆ.

ಭಾನುವಾರ ರಾತ್ರಿ

ಬಂತು. ಲಕ್ಕಿ ಸೊಪ್ಪು ಹಾಕಿ ಕುದಿಸಿದ ನೀರಿನಲ್ಲಿ ಬಟ್ಟೆ ಅದ್ದಿ ಶಾಖ ಕೊಟ್ಟರು. ಆಮೇಲೆ ಪಕ್ಕದ ಮನೆಯ ಹಿರಿಯರೊಬ್ಬರು ಬಿಸಿ ಕೊಬ್ಬರಿ ಎಣ್ಣೆ ಹಚ್ಚಿ ಅರ್ಧ ಗಂಟೆ ನೀವಿದರು. ಹೆಪ್ಪುಗಟ್ಟಿದ ರಕ್ತ ಕರಗಲಿ ಎಂದು ಬೆರಳು ಗಟ್ಟಿ ಒತ್ತಿ ನೀವಿದರು. ಹುಡುಗ ದಿಂಬು ಕಚ್ಚಿಕೊಂಡು ಸಹಿಸಿದ.

ಸೋಮವಾರ ಬೆಳಿಗ್ಗೆ ಆ ಜಾಗ ತೆಂಗಿನ ಕರಟ ಬೋರಲು ಹಾಕಿದಂತೆ ಉಬ್ಬಿತ್ತು.

ನಾನು ಲಕ್ಕಿ ಸೊಪ್ಪಿನ ವೈರಿಯಲ್ಲ. ನನ್ನಜ್ಜಿಯೂ ಅದನ್ನೇ ಕಾಯಿಸುತ್ತಿದ್ದಳು. ಹಳೆಯ ಬೆನ್ನುನೋವಿಗೆ ಬಿಸಿ ಶಾಖ ಹಿತವೇ. ಆದರೆ ಹೊಸ ಪೆಟ್ಟಿನಲ್ಲಿ ಒಳಗಿನ ಸಣ್ಣ ರಕ್ತನಾಳಗಳು ಒಡೆದು ಸೋರುತ್ತಿರುತ್ತವೆ. ಆಗ ಬಿಸಿ ಕೊಟ್ಟರೆ ನಾಳಗಳು ಅಗಲವಾಗುತ್ತವೆ. ನೀವಿದರೆ ಆಗಷ್ಟೇ ಮುಚ್ಚಿಕೊಳ್ಳುತ್ತಿದ್ದ ಬಾಯಿ ಮತ್ತೆ ತೆರೆಯುತ್ತದೆ. ಸೋರಿದ ರಕ್ತ ಹೋಗುವುದೆಲ್ಲಿಗೆ? ಅಲ್ಲೇ ತುಂಬುತ್ತದೆ. ಹಾಗಾಗಿ ಮೊದಲ 48ರಿಂದ 72 ಗಂಟೆ ಬಿಸಿ ಬೇಡ, ನೀವುವುದು ಬೇಡ, ಓಟ ಬೇಡ. ದೊಡ್ಡವರಾದರೆ ಮದ್ಯವೂ ಬೇಡ. ಇನ್ನೊಂದು ಅಪಾಯವೂ ಇದೆ. ಪೆಟ್ಟು ಬಿದ್ದ ಸ್ನಾಯುವನ್ನು ಹೀಗೆ ಜೋರಾಗಿ ತಿಕ್ಕುತ್ತಾ ಹೋದರೆ ಕೆಲವರಲ್ಲಿ ಆ ರಕ್ತದ ಗಡ್ಡೆಯೊಳಗೆ ಎಲುಬು ಬೆಳೆಯಲು ಶುರುವಾಗುತ್ತದೆ. ಮೂರ್ನಾಲ್ಕು ವಾರ ಕಳೆದರೆ ಎಕ್ಸ್‌ರೇಯಲ್ಲಿ ಬಿಳಿಯಾಗಿ ಕಾಣುತ್ತದೆ. ಆಗ ತಿಂಗಳುಗಟ್ಟಲೆ ಕಾಯಬೇಕು.

ನೀವಿದವರ ಮೇಲೆ ಮನೆಯವರಿಗೆ ಸಿಟ್ಟಿಲ್ಲ. ನನಗೂ ಇಲ್ಲ. ಮಳೆಯಲ್ಲಿ ರಾತ್ರಿ ಎದ್ದು ಬಂದು ಅರ್ಧ ಗಂಟೆ ಕೂರುವವರು ಈಗ ಎಷ್ಟು ಜನ ಸಿಗುತ್ತಾರೆ? ಆದರೆ ಹುಡುಗನ ವಾಸಿಗೆ ಒಂದು ವಾರವಾದರೂ ಜಾಸ್ತಿ ಹಿಡಿಯಲು ಆ ಅರ್ಧ ಗಂಟೆಯೇ ಕಾರಣ ಎಂದು ನನ್ನ ಅಂದಾಜು.

ವೈದ್ಯರ ಹತ್ತಿರ

ಮಂಗಳವಾರ ಎಲುಬಿನ ವೈದ್ಯರಿಗೆ ತೋರಿಸಿದರು. ಅವರು ಎಕ್ಸ್‌ರೇ ತೆಗೆಸಿದರು, ಮೂತ್ರ ಪರೀಕ್ಷೆ ಮಾಡಿಸಿದರು, ಹೊಟ್ಟೆ ಒತ್ತಿ ನೋಡಿದರು. “ಸೊಂಟಕ್ಕೆ ಪೆಟ್ಟಾದರೆ ಉಚ್ಚೆ ಯಾಕೆ ನೋಡಬೇಕು?” ಎಂದು ಅಪ್ಪನಿಗೆ ಅನುಮಾನ. ಪಕ್ಕಕ್ಕೆ ಜೋರಾಗಿ ಬಿದ್ದಾಗ ಏಟು ಎಲುಬಿನಲ್ಲೇ ನಿಲ್ಲುತ್ತದೆ ಅಂತ ಹೇಳಲಾಗದು. ಸ್ವಲ್ಪ ಮೇಲೆ, ಹಿಂದೆ ಮೂತ್ರಪಿಂಡ ಇದೆ. ಎಡಪಕ್ಕೆಯ ಕೆಳಗೆ ಗುಲ್ಮ, ಅಂದರೆ ಸ್ಪ್ಲೀನ್ ಇದೆ. ಮೂತ್ರದಲ್ಲಿ ರಕ್ತ, ಹೊಟ್ಟೆ ಗಟ್ಟಿಯಾಗುವುದು, ಎಡಭುಜದ ತುದಿಯಲ್ಲಿ ಕಾರಣವಿಲ್ಲದ ನೋವು, ತಲೆಸುತ್ತು, ತಣ್ಣನೆ ಬೆವರು ಇವೆಲ್ಲಾ ಬೇರೆಯೇ ಕಥೆ ಹೇಳುತ್ತವೆ. ಈ ಹುಡುಗನಲ್ಲಿ ಅವು ಯಾವುದೂ ಇರಲಿಲ್ಲ.

ಎಕ್ಸ್‌ರೇ ನೋಡಿ ಅಪ್ಪ ಗಾಬರಿಯಾಗಿದ್ದರು. ಸೊಂಟದೆಲುಬಿನ ಏಣಿನ ಉದ್ದಕ್ಕೂ ಒಂದು ಕಪ್ಪು ಗೆರೆ. “ಬಿರುಕು ಬಿಟ್ಟಿದೆ ಅಲ್ವಾ ಡಾಕ್ಟ್ರೇ?” ವೈದ್ಯರು ಬಲಗಡೆಯ ಎಲುಬು ತೋರಿಸಿದರಂತೆ. ಅಲ್ಲೂ ಅದೇ ಗೆರೆ. ಅದು ಬೆಳವಣಿಗೆಯ ಗೆರೆ. ಸೊಂಟದೆಲುಬಿನ ಈ ಅಂಚು ದೇಹದಲ್ಲಿ ಬಹಳ ತಡವಾಗಿ ಬೆಸೆದುಕೊಳ್ಳುವ ಜಾಗಗಳಲ್ಲಿ ಒಂದು. ಕೆಲವರಲ್ಲಿ 20 ದಾಟಿದ ಮೇಲೂ ಪೂರ್ತಿ ಕೂಡಿರುವುದಿಲ್ಲ. ಅಲ್ಲಿಯವರೆಗೆ ಎಲುಬಿಗಿಂತ ಆ ಗೆರೆಯೇ ದುರ್ಬಲ. ಹರೆಯದ ಆಟಗಾರರಲ್ಲಿ ಸ್ನಾಯು ಜಗ್ಗಿದಾಗ ಎಲುಬಿನ ಚೂರೇ ಕಿತ್ತುಬರುವುದು ಇದಕ್ಕೇ. ಹಾಗಾಗಿ ಇಷ್ಟು ನೋವಿರುವ, ಕುಂಟುತ್ತಿರುವ 17ರ ಹುಡುಗನಿಗೆ ಎಕ್ಸ್‌ರೇ ಇಲ್ಲದೆ “ಬರೀ ಒಳಪೆಟ್ಟು” ಅನ್ನಬಾರದು. ಎರಡೂ ಕಡೆಯ ಗೆರೆ ಒಂದೇ ಥರ ಇತ್ತು, ಮುರಿತ ಇಲ್ಲ ಎಂದರು ವೈದ್ಯರು. ಸ್ಕ್ಯಾನಿಂಗ್‌ನಲ್ಲಿ ಎಲುಬಿನ ಪಕ್ಕ ರಕ್ತದ ಗಡ್ಡೆ ಕಂಡಿತು. ಸೂಜಿ ಹಾಕಿ ತೆಗೆಯುವುದು ಬೇಡ, ತಾನಾಗಿಯೇ ಇಂಗುತ್ತದೆ ಎಂದು ಬಿಟ್ಟರು.

ತರಚು ಗಾಯವೂ ಇದ್ದುದರಿಂದ ಟಿಟಿ ಇಂಜೆಕ್ಷನ್ ಕೊಟ್ಟರು. ಇನ್ನೂ ಒಂದು ಮಾತು ಹೇಳಿದ್ದರು, ಅದು ನನಗೆ ಬಹಳ ಹಿಡಿಸಿತು. ಮುಂದಿನ ಎರಡು ಮೂರು ವಾರದಲ್ಲಿ ಜ್ವರ, ಮೈಕೈ ನೋವು, ಕಣ್ಣು ಕೆಂಪಾದರೆ ತಕ್ಷಣ ಬರಬೇಕು, ಕೆಸರಲ್ಲಿ ಆಡಿದ್ದೆ ಅಂತ ಹೇಳಲೇಬೇಕು. ಇಲಿಜ್ವರದ ಸೂಕ್ಷ್ಮಾಣು ಗದ್ದೆಯ ನೀರಲ್ಲಿ ಇರಬಹುದು. ತರಚಿದ ಚರ್ಮದಿಂದ ಒಳಗೆ ಹೋಗುತ್ತದೆ. ಸೊಂಟದ ನೋವಿನ ಗದ್ದಲದಲ್ಲಿ ಇದನ್ನು ಎಲ್ಲರೂ ಮರೆಯುತ್ತಾರೆ.

ನಾನು ಕಂಡದ್ದು

ಬುಧವಾರ, ನಾಲ್ಕನೇ ದಿನ, ನನ್ನ ಹತ್ತಿರ ಬಂದ. ಒಳಗೆ ಬರುವಾಗಲೇ ನಡಿಗೆ ನೋಡಿದೆ. ಎಡಕ್ಕೆ ಬಾಗಿ, ಗಿಡ್ಡ ಗಿಡ್ಡ ಹೆಜ್ಜೆ. ಪೆಟ್ಟು ಬಿದ್ದ ಕಡೆಗೇ ಮೈ ಬಾಗುವುದು ಈ ಪೆಟ್ಟಿನ ಗುರುತು. ಹೊಟ್ಟೆಯ ಪಕ್ಕದ ಸ್ನಾಯು ಹಿಗ್ಗದಂತೆ ಮೈ ತಾನೇ ಸಡಿಲ ಮಾಡಿಕೊಳ್ಳುತ್ತದೆ. ಎಡಗೈಯಲ್ಲಿ ಅಪ್ಪನ ಉದ್ದನೆ ಕೊಡೆ ಊರಿಕೊಂಡಿದ್ದ. ಮಲೆನಾಡಿನಲ್ಲಿ ಊರುಗೋಲಿಗೆ ಬರ ಇಲ್ಲ. ಆದರೆ ಕೈ ತಪ್ಪು.

ಮಲಗಿಸಿ ನೋಡಿದೆ. ಕಾಲನ್ನು ಚಪಾತಿ ಕೋಲಿನ ಹಾಗೆ ಒಳಕ್ಕೂ ಹೊರಕ್ಕೂ ಉರುಳಿಸಿದೆ. ತೊಡೆಸಂದಿನಲ್ಲಿ ನೋವಿಲ್ಲ. ಅಂದರೆ ಕೀಲು ಚೆನ್ನಾಗಿದೆ. ಕಾಲು ನೆಟ್ಟಗೆ ಮೇಲೆತ್ತು ಅಂದೆ. ಮುಖ ಕಿವುಚಿ ಎತ್ತಿದ. ಎರಡೂ ಕಾಲಿನ ಉದ್ದ ಸಮ. ಮಂಡಿ ನೀಡುವ ಶಕ್ತಿ ಎರಡೂ ಕಡೆ ಒಂದೇ. ಇದನ್ನು ಬೇಕಂತಲೇ ನೋಡಿದೆ. ಕೆಲವೊಮ್ಮೆ ಎಲುಬಿನ ಒಳಮೈಯಲ್ಲಿರುವ ಸ್ನಾಯುವಿನಲ್ಲಿ ರಕ್ತ ತುಂಬಿ ತೊಡೆಯ ಮುಂದಿನ ನರವನ್ನು ಒತ್ತುತ್ತದೆ. ಆಗ ಮಂಡಿ ಇದ್ದಕ್ಕಿದ್ದಂತೆ ಕುಸಿಯುತ್ತದೆ. ಹಾಗಾದರೆ ಫಿಸಿಯೋ ಬಿಟ್ಟು ಮತ್ತೆ ವೈದ್ಯರ ಬಾಗಿಲಿಗೇ ಓಡಬೇಕು.

ಬಲಕ್ಕೆ ಬಾಗಿಸಿದಾಗ ಅಯ್ಯೋ ಅಂದ. ಮಲಗಿದಲ್ಲಿಂದ ತಲೆ ಎತ್ತಿದಾಗಲೂ ಅಯ್ಯೋ. ಕಾಲನ್ನು ಹೊರಕ್ಕೆ ಒತ್ತು, ನಾನು ತಡೆಯುತ್ತೇನೆ ಅಂದಾಗಲೂ ಅಷ್ಟೇ. ಊತ ಕಣ್ಣಿಗೇ ಕಾಣುತ್ತಿತ್ತು, ಮೇಲೆ ನೇರಳೆ ಬಣ್ಣ. ಎಡತೊಡೆಯ ಹೊರಗಡೆ ಅಂಗೈ ಅಗಲದ ಜಾಗದಲ್ಲಿ ಹತ್ತಿ ಸವರಿದರೆ “ಬಟ್ಟೆ ಮೇಲೆ ಸವರಿದ ಹಾಗಿದೆ” ಅಂದ. ಚರ್ಮಕ್ಕೆ ಸ್ಪರ್ಶ ತಿಳಿಸುವ ನರವೊಂದು ಸೊಂಟದೆಲುಬಿನ ಮುಂದಿನ ಮೂಲೆಯ ಪಕ್ಕದಲ್ಲೇ ಹಾದುಹೋಗುತ್ತದೆ. ಊತ ಅದನ್ನು ಒತ್ತುತ್ತಿತ್ತು. ಈ ನರ ಸ್ಪರ್ಶಕ್ಕೆ ಮಾತ್ರ. ಕಾಲಿನ ಶಕ್ತಿಗೂ ಇದಕ್ಕೂ ಸಂಬಂಧ ಇಲ್ಲ. ಜೋಮಿನ ಗಡಿಯನ್ನು ಅವತ್ತೇ ಪೆನ್ನಲ್ಲಿ ಗೀಚಿ ಫೋಟೋ ತೆಗೆದಿಡಬೇಕಿತ್ತು. ಮರೆತೆ. ಎರಡು ದಿನ ಬಿಟ್ಟು ಗೀಚಿದೆ. ಹಾಗಾಗಿ ಮೊದಲು ಎಷ್ಟಿತ್ತು ಎಂಬುದಕ್ಕೆ ನನ್ನ ನೆನಪೇ ಸಾಕ್ಷಿ.

ಈ ಪೆಟ್ಟನ್ನು ಮೂರು ಮಟ್ಟದಲ್ಲಿ ಎಣಿಸುವ ರೂಢಿ ಇದೆ. ನಡಿಗೆ ಮಾಮೂಲಿ ಇದ್ದು, ಮುಟ್ಟಿದರೆ ಮಾತ್ರ ನೋವಾದರೆ ಒಂದು. ಊತ ಕಂಡು, ಕುಂಟಿದರೆ ಎರಡು. ಮೈ ಬಾಗಿ, ಹೆಜ್ಜೆಯೇ ಎತ್ತಲಾಗದಿದ್ದರೆ ಮೂರು. ಇವನು ಎರಡು ದಾಟಿ ಮೂರರ ಹೊಸ್ತಿಲಲ್ಲಿದ್ದ. ಮೊದಲನೆಯದು ವಾರದಲ್ಲೋ ಹತ್ತು ದಿನದಲ್ಲೋ ಸರಿಹೋಗುತ್ತದೆ. ಇವನಿಗೆ ಮೂರು ವಾರ, ಮೇಲೆ ಇನ್ನೊಂದಿಷ್ಟು ಅಂತ ಹೇಳಿದೆ. ಹುಡುಗ ಕ್ಯಾಲೆಂಡರ್ ನೋಡಿದ. ತಾಲ್ಲೂಕು ಮಟ್ಟದ ಕಬಡ್ಡಿ ಸರಿಯಾಗಿ ಇಪ್ಪತ್ತನೇ ದಿನಕ್ಕಿತ್ತು. ಅವನ ಮುಖ ನೋಡಿ ಅವತ್ತು ಆ ಮಾತು ಮುಂದುವರಿಸಲಿಲ್ಲ.

ಈ ಥಂಡಿಯಲ್ಲಿ ತಣ್ಣೀರಾ?

ಐಸ್ ಇಡಿ ಅಂದೆ. ಅಮ್ಮ ನಕ್ಕರು. ಮರ ಬಿದ್ದು ಮೂರು ದಿನದಿಂದ ಕರೆಂಟಿಲ್ಲ, ಫ್ರಿಜ್ ಇದ್ದೂ ಇಲ್ಲ. ಆದರೆ ಪುಷ್ಯ ಮಳೆಯಲ್ಲಿ ಆ ಕಡೆ ಬಾವಿ ನೀರೇ ಐಸ್. ಟವೆಲ್ ಅದ್ದಿ ಹಿಂಡಿ, 15 ನಿಮಿಷ ಇಡುವುದು, ಬಿಸಿಯಾದರೆ ಮತ್ತೆ ಅದ್ದುವುದು. ಎಚ್ಚರ ಇರುವಾಗ ಎರಡು ಮೂರು ಗಂಟೆಗೊಮ್ಮೆ. ಹೊರಗೆ ಸುರಿಯುವ ಮಳೆ, ಒಳಗೆ ಮಗನ ಸೊಂಟಕ್ಕೆ ತಣ್ಣೀರು ಬಟ್ಟೆ. ಶೀತ ಒಳಗೆ ಇಳಿಯುತ್ತದೆ ಎಂದು ಅಜ್ಜಿ ಎರಡು ದಿನ ಮಾತು ಬಿಟ್ಟಿದ್ದರಂತೆ.

ನಿಜ ಹೇಳಬೇಕೆಂದರೆ ನಾಲ್ಕನೇ ದಿನಕ್ಕೆ ತಣ್ಣೀರು ಪಟ್ಟಿ ಮಾಡುವ ಕೆಲಸ ನೋವು ತಗ್ಗಿಸುವುದಷ್ಟೇ. ಗಡ್ಡೆ ಕರಗಿಸುವುದು ಮೈಯ ಕೆಲಸ. ಆದರೆ ಕೈಗೆ ಒಂದು ಕೆಲಸ ಕೊಟ್ಟರೆ ಎಣ್ಣೆ ಬಟ್ಟಲ ಕಡೆ ಕೈ ಹೋಗುವುದಿಲ್ಲ. ಅದೂ ನನ್ನ ಲೆಕ್ಕದಲ್ಲಿತ್ತು.

ಇನ್ನೊಂದು ಸಣ್ಣ ವಿಷಯ. ಹುಡುಗನ ಉಡಿದಾರ ಸರಿಯಾಗಿ ಊತದ ಮೇಲೆಯೇ ಕೂತಿತ್ತು. ಅದರ ಗುರುತು ಚರ್ಮದಲ್ಲಿ ಕೊರೆದುಕೊಂಡಿತ್ತು. ಕತ್ತರಿಸೋಣ ಅಂದಿದ್ದರೆ ಅಮ್ಮ ಒಪ್ಪುತ್ತಿರಲಿಲ್ಲ, ಅದು ನನಗೂ ಗೊತ್ತು. ಹೊಸದೊಂದು ಉದ್ದನೆಯ ದಾರ ತಂದು ಮೊದಲು ಅದನ್ನು ಸಡಿಲಾಗಿ ಕಟ್ಟಿ, ಆಮೇಲೆ ಹಳೆಯದನ್ನು ಬಿಚ್ಚಿದರು. ಜೀನ್ಸ್, ಬೆಲ್ಟು ಬಂದ್. ಪಂಚೆಯ ಗಂಟೂ ಆ ಕಡೆ ಬೇಡ. ಎಲಾಸ್ಟಿಕ್ ಸಡಿಲ ಇರುವ ಚಡ್ಡಿ ಅಷ್ಟೇ.

ಊರುಗೋಲು ಬಲಗೈಗೆ ಬದಲಾಯಿತು. ಪೆಟ್ಟು ಎಡಕ್ಕಾದರೆ ಕೋಲು ಬಲಕ್ಕೆ. ಎಡಗಾಲು ಊರುವಾಗಲೇ ಕೋಲೂ ಊರಬೇಕು, ಆಗ ಭಾರ ಹಂಚಿಹೋಗುತ್ತದೆ. ಕೊಡೆ ಬೇಡ, ಮಳೆ ಬಂದ ತಕ್ಷಣ ಬಿಚ್ಚಿಬಿಡುತ್ತಾನೆ. ಮನೆಯಲ್ಲೇ ಕಾಫಿ ಗಿಡದ ಕೋಲಿತ್ತು. ಕೈ ಇಳಿಬಿಟ್ಟಾಗ ಮಣಿಕಟ್ಟಿನ ಗೆರೆಗೆ ಸಮ ಬರುವಂತೆ ಕತ್ತರಿಸಿದರು. ಮೆಟ್ಟಿಲು ಹತ್ತುವಾಗ ಒಳ್ಳೆಯ ಕಾಲು ಮೊದಲು, ಇಳಿಯುವಾಗ ನೋಯುವ ಕಾಲು ಮೊದಲು. ಪಾಚಿ ಕಟ್ಟಿದ ಅಂಗಳಕ್ಕೆ ಇಳಿಯಲೇಬೇಡ ಅಂದೆ. ಕುಕ್ಕರಗಾಲಲ್ಲಿ ಕೂರುವ ಕಕ್ಕಸು ದೊಡ್ಡ ಸಮಸ್ಯೆಯಾಗಿತ್ತು. ಪ್ಲಾಸ್ಟಿಕ್ ಕುರ್ಚಿಯ ನಡುವೆ ತೂತು ಕೊರೆದು ಮೇಲಿಟ್ಟರು. ರಾತ್ರಿ ಬಲಮಗ್ಗುಲಲ್ಲಿ ಮಲಗಿ, ಮಂಡಿಗಳ ನಡುವೆ ದಿಂಬು.

ಅವನಿಗೆ ಮಳೆಗಾಲದ ಕೆಮ್ಮು ಬೇರೆ ಇತ್ತು. ಒಂದೊಂದು ಕೆಮ್ಮಿಗೂ ಕಣ್ಣಲ್ಲಿ ನೀರು. ಕೆಮ್ಮು ಬರುತ್ತೆ ಅನ್ನಿಸಿದಾಗ ಸಣ್ಣ ದಿಂಬನ್ನು ಪಕ್ಕೆಗೆ ಒತ್ತಿ ಹಿಡಿದು ಕೆಮ್ಮಲು ಹೇಳಿಕೊಟ್ಟೆ. ನನ್ನ ಚಿಕಿತ್ಸೆಯಲ್ಲಿ ಅತಿ ಹೆಚ್ಚು ಉಪಕಾರವಾದದ್ದು ಇದೇ ಎಂದು ಹುಡುಗ ಆಮೇಲೆ ಹೇಳಿದ.

ಮಾತ್ರೆ ವೈದ್ಯರು ಬರೆದದ್ದು, ಪ್ಯಾರಸಿಟಮಾಲ್. ಅಂಗಡಿಯಲ್ಲಿ ಕೇಳಿ ತಂದ ನೋವಿನ ಮಾತ್ರೆಗಳಲ್ಲಿ ಕೆಲವು ರಕ್ತ ಹೆಪ್ಪುಗಟ್ಟುವುದನ್ನು ತಡೆಯುತ್ತವೆ, ಆಸ್ಪಿರಿನ್ ಅಂತೂ ಖಂಡಿತ. ಹೊಸ ಪೆಟ್ಟಿಗೆ ಅದು ಬೇಡ. ಹಲಸು, ಬದನೆ, ಕುಂಬಳ ನಂಜು ಎಂದು ಎಲ್ಲಾ ನಿಲ್ಲಿಸಿದ್ದರು. ಮೊಟ್ಟೆಯನ್ನಾದರೂ ಕೊಡಿ ಅಂದೆ, ಕೊಟ್ಟರು. ಆ ವಾದಕ್ಕೆ ನಾನು ಹೋಗಲಿಲ್ಲ.

ಬಣ್ಣ ಇಳಿದ ದಿನ

ಏಳನೇ ದಿನ ರಾತ್ರಿ ಒಂಬತ್ತಕ್ಕೆ ಫೋನು. ಅಮ್ಮನ ದನಿ ನಡುಗುತ್ತಿತ್ತು. “ಸೊಂಟದ್ದು ಕಮ್ಮಿಯಾಗ್ತಿದೆ, ಆದ್ರೆ ವಿಷ ತೊಡೆಗೆ ಇಳೀತಿದೆ.” ಫೋಟೋ ಕಳಿಸಿದರು. ತೊಡೆಯ ಹೊರಗಡೆ ಅರ್ಧದವರೆಗೆ ಹಸಿರು ಹಳದಿ ಪಟ್ಟೆ.

ವಿಷವಲ್ಲ. ನೀರಿನ ಹಾಗೆ ರಕ್ತವೂ ತಗ್ಗಿಗೇ ಹರಿಯುತ್ತದೆ. ಹುಡುಗ ನಿಂತು, ನಡೆದು ಓಡಾಡುತ್ತಿದ್ದಾನೆ, ಚರ್ಮದಡಿಯ ರಕ್ತ ನಿಧಾನ ಕೆಳಗಿಳಿದಿದೆ. ಇನ್ನು ಬಣ್ಣ. ರಕ್ತದ ಹಿಮೋಗ್ಲೋಬಿನ್ ಒಡೆದಾಗ ಮೊದಲು ಬಿಲಿವರ್ಡಿನ್ ಎಂಬ ಹಸಿರು ವಸ್ತು ಬರುತ್ತದೆ, ಆಮೇಲೆ ಬಿಲಿರುಬಿನ್ ಎಂಬ ಹಳದಿ. ಕಾಮಾಲೆಯಲ್ಲಿ ಕಣ್ಣು ಹಳದಿ ಮಾಡುವುದೂ ಈ ಬಿಲಿರುಬಿನ್ನೇ. ಮೈ ಕಸ ಗುಡಿಸುತ್ತಿದೆ ಅಂತ ಅರ್ಥ. ಯಾವಾಗ ಹೆದರಬೇಕು ಎಂದೂ ಹೇಳಿದೆ. ಆ ಜಾಗ ಕೆಂಪಾಗಿ ಬಿಸಿಯಾಗಿ ಜ್ವರ ಬಂದರೆ, ಊತ ಇಳಿಯುವ ಬದಲು ದಿನದಿನಕ್ಕೂ ದೊಡ್ಡದಾದರೆ, ಒತ್ತಿದಾಗ ಚರ್ಮದಡಿ ನೀರು ತುಂಬಿದ ಚೀಲದ ಹಾಗೆ ಅಲುಗಾಡಿದರೆ. ಕೊನೆಯದು ಚರ್ಮ ಒಳಪದರದಿಂದ ಬಿಡಿಸಿಕೊಂಡಾಗ ಆಗುತ್ತದೆ, ತಾನಾಗಿ ಹೋಗುವುದು ಕಷ್ಟ.

ಬಣ್ಣದ ವಿಷಯದಲ್ಲಿ ಉಲ್ಟಾ ತಪ್ಪೂ ಆಗುತ್ತದೆ. ಎರಡನೇ ವಾರಕ್ಕೆ ಚರ್ಮ ಮಾಮೂಲಿ ಬಣ್ಣಕ್ಕೆ ಬಂತು. ಎಲ್ಲರೂ ವಾಸಿಯಾಯಿತು ಅಂದುಕೊಂಡರು. ಹುಡುಗನೂ.

ಹನ್ನೆರಡನೇ ದಿನ

ಅಷ್ಟರಲ್ಲಿ ವ್ಯಾಯಾಮ ಶುರುವಾಗಿತ್ತು. ಮೊದಲು ಮಲಗಿ ಹಿಮ್ಮಡಿ ಜಾರಿಸುವುದು, ಪಿರ್ರೆ ಬಿಗಿಹಿಡಿದು ಐದು ಎಣಿಸಿ ಬಿಡುವುದು. ಹತ್ತನೇ ದಿನಕ್ಕೆ ಮಂಡಿ ಮಡಚಿ ಮಲಗಿ ಸೊಂಟ ಎತ್ತುವುದು, ನಿಂತು ಗೋಡೆ ಹಿಡಿದು ಕಾಲು ಹೊರಕ್ಕೆ ಎತ್ತುವುದು, ಬಲಕ್ಕೆ ನಿಧಾನ ಬಾಗುವುದು. ಹೊರಗೆ ಮಳೆ, ಕಾಫಿ ಕಣದ ತುಂಬಾ ಪಾಚಿ. ಹಳೆಯ ಮನೆಯ ಉದ್ದನೆಯ ಜಗಲಿಯಲ್ಲೇ ನಡಿಗೆ, ಬೆಳಿಗ್ಗೆ 20 ಸುತ್ತು, ಸಂಜೆ 20. ನೋವು ಹತ್ತಕ್ಕೆ ಮೂರು ದಾಟಬಾರದು, ಮರುದಿನ ಬೆಳಿಗ್ಗೆಗೆ ಇಳಿದಿರಬೇಕು. ನಾನು ಕೊಟ್ಟದ್ದು ಇದೊಂದೇ ಲೆಕ್ಕ.

ಹನ್ನೆರಡನೇ ದಿನ ಗೆಳೆಯರು ಬಂದರು. ಜಗಲಿಯಲ್ಲೇ “ಸುಮ್ನೆ ಒಂದು ರೈಡ್” ಅಂತ ಆಡಿದ. ಆಡುವಾಗ ಏನೂ ಆಗಲಿಲ್ಲ. ಮರುದಿನ ಬೆಳಿಗ್ಗೆ ಮತ್ತೆ ಎಡಕ್ಕೆ ಬಾಗಿ ಎದ್ದ. ನಾಲ್ಕು ದಿನ ಹಿಂದೆ ಹೋದೆವು.

ತಪ್ಪು ಅರ್ಧ ನನ್ನದು. ಏನು ಮಾಡಬೇಕು ಎಂದು ಬರೆದುಕೊಟ್ಟಿದ್ದೆ. ಏನು ಮಾಡಬಾರದು ಎಂದು ಬರೆದಿರಲಿಲ್ಲ. 17ರ ಹುಡುಗನಿಗೆ ಎರಡನೆಯದೇ ಮುಖ್ಯ.

ಹದಿನೆಂಟನೇ ದಿನ ಪರೀಕ್ಷೆ ಇಟ್ಟೆ. ಒಂಟಿಕಾಲಲ್ಲಿ ನಿಲ್ಲು. ಬಲಗಾಲಲ್ಲಿ ನಿಂತಾಗ ಸೊಂಟ ಮಟ್ಟವಾಗಿತ್ತು. ಎಡಗಾಲಲ್ಲಿ ನಿಂತಾಗ ಬಲಗಡೆಯ ಸೊಂಟ ಕೆಳಗೆ ಜಾರಿತು. ಅಂದರೆ ಎಡಗಡೆಯ ಸ್ನಾಯು ಇನ್ನೂ ಹಿಡಿದು ನಿಲ್ಲಿಸುತ್ತಿಲ್ಲ. ಒಂಟಿಕಾಲಲ್ಲಿ ಮೂರು ಬಾರಿ ಕುಪ್ಪಳಿಸು ಅಂದೆ. ಎಡಗಾಲಿನ ಮೂರನೇ ಕುಪ್ಪಳಿಕೆಗೆ ಮೈ ವಾಲಿತು. ಆಟ ಇಲ್ಲ ಅಂದೆ.

ತಂಡದ ಕಡೆಯವರೊಬ್ಬರು ಫೋನ್ ಮಾಡಿ, ಒಂದು ಇಂಜೆಕ್ಷನ್ ಹಾಕಿಸಿ ಆಡಿಸೋಣ ಅಂದರು. ಅಂಥ ಮರಗಟ್ಟಿಸುವ ಇಂಜೆಕ್ಷನ್ ಇದೆ. ದೊಡ್ಡ ವೃತ್ತಿಪರ ಆಟಗಾರರಲ್ಲಿ ಕೆಲವರಿಗೆ ವೈದ್ಯರು ಯೋಚಿಸಿ ಕೊಡುವುದೂ ಉಂಟು. ಅದು ನೋವನ್ನು ಮುಚ್ಚುತ್ತದೆ, ಪೆಟ್ಟನ್ನಲ್ಲ. ಬೆಳವಣಿಗೆಯ ಗೆರೆ ಇನ್ನೂ ತೆರೆದಿರುವ ಹುಡುಗನ ನೋವು ಮುಚ್ಚಿ, ಏಳು ಜನರ ಮುಂದೆ ರೈಡಿಗೆ ಬಿಡುವುದೇ? ನಾನು ಸ್ವಲ್ಪ ಜೋರಾಗಿಯೇ ಮಾತಾಡಿದೆ ಅಂತ ಕಾಣುತ್ತದೆ, ಮತ್ತೆ ಫೋನ್ ಬರಲಿಲ್ಲ. ಹುಡುಗ ಅಂಕಣದ ಪಕ್ಕ ಕುರ್ಚಿಯಲ್ಲಿ ಕೂತು ಅಂಕ ಬರೆದ. ತಂಡ ಎರಡನೇ ಸುತ್ತಿನಲ್ಲಿ ಸೋತಿತು. ಒಂದು ವಾರ ನನ್ನ ಹತ್ತಿರ ಸರಿಯಾಗಿ ಮಾತಾಡಲಿಲ್ಲ. ವ್ಯಾಯಾಮ ಮಾತ್ರ ಬಿಡಲಿಲ್ಲ.

ಅದೇ ಮನೆಯ ಅಜ್ಜಿ ಬಿದ್ದಿದ್ದರೆ

ಈ ಪ್ರಕರಣ ಹೇಳುವಾಗಲೆಲ್ಲಾ ಒಂದು ಹೆದರಿಕೆ ನನಗಿದೆ. ಓದಿದವರು “ಸೊಂಟಕ್ಕೆ ಪೆಟ್ಟಾದರೆ ತಣ್ಣೀರು ಬಟ್ಟೆ” ಎಂಬಷ್ಟನ್ನೇ ನೆನಪಿಟ್ಟುಕೊಂಡು ಅಜ್ಜಿಗೂ ಅದನ್ನೇ ಮಾಡಿಬಿಟ್ಟಾರು.

ಮಳೆಗಾಲದಲ್ಲಿ ಪಾಚಿ ಮೇಲೆ ಜಾರಿ ಬೀಳುವುದು ಹುಡುಗರಿಗಿಂತ ವಯಸ್ಸಾದವರೇ ಜಾಸ್ತಿ. ಅವರು ಪಕ್ಕಕ್ಕೆ ಬಿದ್ದಾಗ ಹೆಚ್ಚಾಗಿ ಮುರಿಯುವುದು ತೊಡೆಯೆಲುಬಿನ ಕತ್ತಿನ ಭಾಗ. ನೋವು ಬೆಲ್ಟಿನ ಜಾಗದಲ್ಲಿ ಇರುವುದಿಲ್ಲ, ತೊಡೆಸಂದಿನಲ್ಲಿ ಇರುತ್ತದೆ. ಎದ್ದು ನಿಲ್ಲಲಾಗುವುದಿಲ್ಲ. ಆ ಕಾಲು ಗಿಡ್ಡ ಕಾಣುತ್ತದೆ, ಪಾದ ಹೊರಕ್ಕೆ ತಿರುಗಿರುತ್ತದೆ. ಮಲಗಿದಲ್ಲಿಂದ ಹಿಮ್ಮಡಿ ಎತ್ತು ಅಂದರೆ ಆಗುವುದಿಲ್ಲ. ಅಂಥವರನ್ನು ಎಬ್ಬಿಸಿ ನಡೆಸಿ ನೋಡಬೇಡಿ, ಕಾಲು ಎಳೆದು ನೆಟ್ಟಗೆ ಮಾಡಬೇಡಿ, ನೀವಬೇಡಿ. ಇದ್ದ ಹಾಗೆಯೇ ಎರಡೂ ಬದಿ ದಿಂಬು ಆನಿಸಿ 108ಕ್ಕೆ ಫೋನ್ ಮಾಡಿ. ಕೆಲವರಲ್ಲಿ ಮುರಿದ ತುದಿಗಳು ಒಂದಕ್ಕೊಂದು ಕಚ್ಚಿಕೊಂಡಿರುತ್ತವೆ. ಅವರು ಕುಂಟುತ್ತಾ ನಡೆದೂ ಬಿಡುತ್ತಾರೆ. ನಡೆದರು ಅಂದಮಾತ್ರಕ್ಕೆ ಮುರಿದಿಲ್ಲ ಅನ್ನಲಾಗದು. ವಯಸ್ಸಾದವರು ಬಿದ್ದು ತೊಡೆಸಂದು ನೋವು ಅಂದರೆ ಎಕ್ಸ್‌ರೇ ಆಗಲೇಬೇಕು. ಹೃದಯಕ್ಕೆಂದು ರಕ್ತ ತೆಳುವಾಗಿಸುವ ಮಾತ್ರೆ ತೆಗೆದುಕೊಳ್ಳುವವರಾದರೆ, ಪೆಟ್ಟು ಸಣ್ಣದಾದರೂ ಅವತ್ತೇ ವೈದ್ಯರಿಗೆ ತೋರಿಸಬೇಕು. ಅವರಿಗೆ ಒಳಗೆ ಸೋರುವುದು ನಿಲ್ಲುವುದೇ ತಡ.

ಅಂಕಣಕ್ಕೆ ವಾಪಸ್

ನಾಲ್ಕನೇ ವಾರದಲ್ಲಿ ಮೆಟ್ಟಿಲು ಹತ್ತಿ ಇಳಿಯುವುದು, ಪಕ್ಕಕ್ಕೆ ಮಲಗಿ ಮೊಣಕೈ ಮೇಲೆ ಮೈ ಎತ್ತಿ ಹಿಡಿಯುವುದು, ನಿಧಾನ ಓಟ. ಆಮೇಲೆ ಜೋರು ಓಟ, ಥಟ್ಟನೆ ನಿಂತು ತಿರುಗುವುದು. ರೈಡರ್‌ಗೆ ಬೇಕಾದದ್ದು ಅದೇ. ಒಂಟಿಕಾಲಲ್ಲಿ ನಿಂತಾಗ ಸೊಂಟ ಈಗ ಮಟ್ಟವಾಗಿ ನಿಲ್ಲುತ್ತಿತ್ತು. ಎಲುಬನ್ನು ಗಟ್ಟಿಯಾಗಿ ಒತ್ತಿದರೆ ಮಾತ್ರ ಸಣ್ಣ ನೋವು.

ಅಭ್ಯಾಸಕ್ಕೆ ಬಿಡುವ ಮೊದಲು ಒಂದು ರಕ್ಷೆ ಮಾಡಿದೆವು. ಹಳೆಯ ಯೋಗ ಮ್ಯಾಟಿನ ಎರಡು ಪದರ ಅಂಟಿಸಿ, ನಡುವೆ ಕಾಫಿ ಲೋಟದ ಬಾಯಿಯಷ್ಟು ತೂತು. ಉದ್ದಿನ ವಡೆಯ ಹಾಗೆ. ನೋಯುವ ಜಾಗ ತೂತಿನೊಳಗೆ ಬರಬೇಕು, ಪೆಟ್ಟು ಬಿದ್ದರೆ ಸುತ್ತಲಿನ ಅಂಚಿಗೆ ಬೀಳುತ್ತದೆ. ಅಮ್ಮ ಅದನ್ನು ಚಡ್ಡಿಯ ಒಳಗೆ ಹೊಲಿದುಕೊಟ್ಟರು. ಮೂವತ್ತಮೂರನೇ ದಿನ ಅಭ್ಯಾಸದಲ್ಲಿ ಯಾರೋ ಕಾಲು ಹಿಡಿದು ಕೆಡವಿದರು, ಅದೇ ಎಡಕ್ಕೆ ಬಿದ್ದ. ಎದ್ದು ನಿಂತು ಎರಡು ಸೆಕೆಂಡು ತನ್ನ ಸೊಂಟವನ್ನೇ ಕೇಳಿಸಿಕೊಳ್ಳುವವನ ಹಾಗೆ ಸುಮ್ಮನಿದ್ದನಂತೆ. ಆಮೇಲೆ ಆಡಿದ. ಮರುದಿನ ಬೆಳಿಗ್ಗೆ ಅವನೇ ಫೋನ್ ಮಾಡಿ “ನೆಟ್ಟಗೆ ಎದ್ದೆ ಮೇಡಂ” ಅಂದ. ಇಲಿಜ್ವರದ ಸುಳಿವೂ ಇರಲಿಲ್ಲ.

ತೊಡೆಯ ಜೋಮು ಎಲ್ಲಕ್ಕಿಂತ ನಿಧಾನ. ಅಂಗೈ ಅಗಲ ಇದ್ದದ್ದು ಆರನೇ ವಾರಕ್ಕೆ ಐದು ರೂಪಾಯಿ ನಾಣ್ಯದಷ್ಟಾಗಿತ್ತು. ಅಲ್ಲೇ ನಿಂತಿತು. ಕಾಯೋಣ, ನರ ಅವಸರ ಮಾಡುವುದಿಲ್ಲ ಅಂದಿದ್ದೆ.

ಡಿಸೆಂಬರಿನಲ್ಲಿ ಅರೇಬಿಕಾ ಕೊಯ್ಲಿನ ನಡುವೆ ಅಮ್ಮ ಫೋನ್ ಮಾಡಿದ್ದರು. ರಜೆಯ ದಿನ ಮಗನೂ ಹಣ್ಣು ಕೊಯ್ಯಲು ಬಂದಿದ್ದಾನೆ. ಕೊಯ್ಯುವ ಕುಕ್ಕೆಯನ್ನು ಸೊಂಟಕ್ಕೆ ಕಟ್ಟಿದರೆ ಅದು ಕೂರುವುದು ಅದೇ ಎಲುಬಿನ ಮೇಲೆ. ಎಡಕ್ಕೆ ಕಟ್ಟಬಹುದಾ, ಬಲಕ್ಕೇ ಕಟ್ಟಲಾ ಎಂದು ಕೇಳಲು ಫೋನ್. ಜೋಮು ಹೇಗಿದೆ ಅಂದೆ. ಹಿಂದೆಯೇ ಹುಡುಗನ ದನಿ ಕೇಳಿಸಿತು. ಗಿಡದ ಚಿಗಳಿ ಇರುವೆ ತೊಡೆಗೆ ಕಚ್ಚಿತು, ಸರಿಯಾಗಿ ಅದೇ ಜಾಗಕ್ಕೆ, ಜೀವ ಹೋಯ್ತು ಅಂತ ಕೂಗುತ್ತಿದ್ದ.

ಎಡಕ್ಕೇ ಕಟ್ಟಿ ಅಂದೆ.